ಆಚೆ ದಂಡೆಯ ಕುದುರೆ

ಡೋರ್ಕಸ್ ಬ್ರಾಕ್‌ಬ್ಯಾಂಕಳ ಅಡುಗೆಮನೆಯಲ್ಲಿ ಸಿಗಡಿ ಸುಲಿಯಲು ಸೇರುತ್ತಿದ್ದ ಹೆಂಗಸರಿಗೆಲ್ಲ ಒಂದು ವಿಷಯ ಹೇಳದೆಯೇ ಗೊತ್ತಿತ್ತು: ಕಿಟಕಿಯ ಮುಂದಿನ ಕುರ್ಚಿಯಲ್ಲಿ ಬೇರೆ ಯಾರೂ ಕೂರಬಾರದು. ಅವಳ ಬೆರಳು ಸಿಗಡಿಯ ತಲೆ ಮುರಿದು ಸಿಪ್ಪೆ ಬಿಡಿಸುತ್ತಿದ್ದರೂ ಕಣ್ಣು ಮಾತ್ರ ಕಿಟಕಿಯಾಚೆ. ಅಲ್ಲಿ ಏನಿತ್ತು ಮಹಾ? ಉಪ್ಪುಹುಲ್ಲಿನ ಬಯಲು, ಅದರ ಮೇಲೆ ಮೇಯುವ ಕುರಿಗಳು, ಆಮೇಲೆ ಮೈಲಿಗಟ್ಟಲೆ ಬೂದು ಮರಳು. ಮರಳಿನ ಕೊನೆಯಲ್ಲಿ ಸಣ್ಣ ಗೆರೆಯಾಗಿ ಕಾಣುವ ಹೀಥಮ್ ಎಂಬ ಊರು. ಮೋರ್ಕಂಬ್ ಕೊಲ್ಲಿಯ ಉತ್ತರ ದಂಡೆಯಲ್ಲಿ ಕೆಲ್ಬಿಯವರಾದ ನಾವು, ದಕ್ಷಿಣ ದಂಡೆಯಲ್ಲಿ ಹೀಥಮ್‌ನವರು. ಡೋರ್ಕಸ್ ಹುಟ್ಟಿ ಬೆಳೆದದ್ದು ಆ ದಂಡೆಯಲ್ಲಿ.

ಪಕ್ಕದ ಮನೆಯ ಜಿಲ್ಲಾ ಬಾಯಿ ಮುಚ್ಚಿಕೊಂಡು ಕೂರುವ ಹೆಂಗಸಲ್ಲ. "ಏನೇ ಡೋರ್ಕಸ್, ನಿಮ್ಮಪ್ಪ ಇವತ್ತು ಅಂಗಿ ಒಗೆದು ಹಾಕಿದಾನಾ, ಕಾಣ್ತಾ?" ಎಂದು ಕೆಣಕುತ್ತಿದ್ದಳು.

"ಕಾಣ್ತು. ನಿನ್ನ ಗಂಡನ ಅಂಗಿಗಿಂತ ಬೆಳ್ಳಗಿದೆ," ಎನ್ನುತ್ತಿದ್ದಳು ಡೋರ್ಕಸ್, ತಲೆ ತಿರುಗಿಸದೆ. ಹೆಂಗಸರೆಲ್ಲ ನಗುತ್ತಿದ್ದರು. ಅವಳೂ ನಗುತ್ತಿದ್ದಳು. ಆದರೆ ಸಂಜೆ ಆಚೆ ದಂಡೆಯಲ್ಲಿ ಒಂದೊಂದೇ ದೀಪ ಹತ್ತುವಾಗ ಆ ಕುರ್ಚಿಯ ಹತ್ತಿರ ಹೋಗಿ ಮಾತಾಡಿಸುವ ಧೈರ್ಯ ಜಿಲ್ಲಾಳಿಗೂ ಇರಲಿಲ್ಲ.

ಎರಡೂ ಊರಿನವರಿಗೆ ಹಿಂದಿನಿಂದಲೂ ಆಗಿಬರುತ್ತಿರಲಿಲ್ಲ. ಸಮುದ್ರ ಹಿಂದೆ ಸರಿದಾಗ ಕೊಲ್ಲಿಯ ನಡುಮಧ್ಯೆ ತಿನ್ನುವ ಚಿಪ್ಪು ಸಿಗುವ ಮರಳುದಿಬ್ಬಗಳು ಏಳುತ್ತವೆ. ಅವು ಯಾರ ಅಪ್ಪನ ಆಸ್ತಿಯೂ ಅಲ್ಲ, ಆದ್ದರಿಂದಲೇ ಇಬ್ಬರಿಗೂ ತಮ್ಮದು. ಎರಡೂ ಕಡೆಯಿಂದ ಕುದುರೆಗಾಡಿಗಳು ಬಂದು ದಿಬ್ಬದ ಮೇಲೆ ಎದುರುಬದುರು ನಿಲ್ಲುತ್ತಿದ್ದವು. ಮರದ ಹಲಗೆಯನ್ನು ಮರಳಿನ ಮೇಲಿಟ್ಟು ತೊಟ್ಟಿಲು ತೂಗಿದಂತೆ ತೂಗಿದರೆ ಮರಳು ಮೆತ್ತಗಾಗಿ ಚಿಪ್ಪು ಮೇಲೆ ಬರುತ್ತದೆ. ಹಲಗೆ ತೂಗುತ್ತಲೇ ಬೈಗುಳ, ಜರಡಿ ಹಿಡಿಯುತ್ತಲೇ ಬೈಗುಳ. ಇನ್ನು ಕೊಲ್ಲಿಯ ಮರಳಿನ ಮೇಲೆ ಹರಿಯುವ ಕೆಂಟ್ ಹೊಳೆ ಒಂದು ಜಾಗದಲ್ಲಿ ನಿಂತ ಪೈಕಿಯಲ್ಲ. ಕೆಲವು ವರ್ಷ ಅವರ ದಂಡೆ ಸವರಿಕೊಂಡು ಹರಿದು ಅವರ ಹುಲ್ಲುಬಯಲು ಕೊರೆಯುತ್ತದೆ, ಆಗ ನಮಗೆ ಹೊಸ ಬಯಲು ಹುಟ್ಟುತ್ತದೆ. ಮತ್ತೆ ಕೆಲವು ವರ್ಷಕ್ಕೆ ನಮ್ಮ ಕಡೆ ವಾಲಿ, ಕೊಟ್ಟ ಬಯಲನ್ನು ಕುರಿಗಳ ಕಾಲ ಕೆಳಗಿನಿಂದಲೇ ಕಿತ್ತುಕೊಂಡು ಹೋಗುತ್ತದೆ. ಹೊಳೆ ಹೀಥಮ್‌ಗೆ ಹತ್ತಿರವಿದ್ದರೆ ಅವರು ಅದನ್ನು ನಾವೇ ಅಟ್ಟಿದೆವು ಎಂಬಂತೆ ನಮ್ಮನ್ನು ನೋಡುತ್ತಿದ್ದರು. ನಾವೂ ಅಷ್ಟೇ ಬಿಡಿ.

ಡೋರ್ಕಸಳ ತಾಯಿ ಅವಳು ಚಿಕ್ಕವಳಿದ್ದಾಗಲೇ ತೀರಿಕೊಂಡಿದ್ದಳು. ಅಪ್ಪ ಎನಕ್ ಥ್ರೆಲ್‌ಫಾಲ್, ಅವನ ಅಕ್ಕ ಕೆಜಾಯಾ, ಈ ಹುಡುಗಿ, ಮೂವರೇ ಮನೆಯಲ್ಲಿ. ಜರಡಿ ಹಿಡಿಯುವಷ್ಟು ಕೈ ಬಲಿತ ದಿನದಿಂದ ಅವಳು ಅಪ್ಪನ ಜೊತೆ ಮರಳಿಗೆ ಇಳಿದವಳು. ಗಂಡುಮಗ ಇಲ್ಲವಲ್ಲ ಎಂದು ಯಾರಾದರೂ ಮರುಗಿದರೆ ಎನಕ್, "ಇವಳೊಬ್ಬಳು ನಿಮ್ಮ ಮನೆಯ ಮೂವರಿಗೆ ಸಮ," ಎಂದು ಬಾಯಿ ಮುಚ್ಚಿಸುತ್ತಿದ್ದ.

ಒಂದು ವಸಂತದಲ್ಲಿ ಎನಕ್‌ನ ಗಾಡಿಯ ಚಕ್ರ ದಿಬ್ಬದ ಅಂಚಿನ ಹುದುಲಿಗೆ ಸಿಕ್ಕಿತು. ಹುದುಲೆಂದರೆ ಮೇಲೆ ಗಟ್ಟಿ ಮರಳಿನ ವೇಷ, ಒಳಗೆ ಗಂಜಿ, ಕುದುರೆಯನ್ನೂ ನುಂಗುತ್ತದೆ. ಹೀಥಮ್‌ನ ಬೇರೆ ಗಾಡಿಗಳು ದೂರವಿದ್ದವು. ಹತ್ತಿರ ಇದ್ದವನು ಕೆಲ್ಬಿಯ ಜೋನಸ್ ಬ್ರಾಕ್‌ಬ್ಯಾಂಕ್ ಒಬ್ಬನೇ. ಅವನು ಕೇಳದೆಯೇ ಹಗ್ಗ ಎಸೆದ, ತನ್ನ ಕುದುರೆ ಕಟ್ಟಿ ಎಳೆದ, ಗಾಡಿ ಬಂತು. ಕೆಲ್ಬಿಯವನ ಹಗ್ಗ ಹಿಡಿಯಬೇಕಾಯಿತಲ್ಲ ಎಂಬ ಅವಮಾನದಲ್ಲಿ ಎನಕ್ ಒಂದು ಮಾತೂ ಆಡಲಿಲ್ಲ. ಅವನ ಪರವಾಗಿ ಮಗಳು ಆಡಿದಳು. ಮುಂದಿನ ಇಳಿತಕ್ಕೂ ಆಡಿದಳು, ಅದರ ಮುಂದಿನದಕ್ಕೂ. ಬೇಸಿಗೆ ಮುಗಿಯುವುದರೊಳಗೆ ಎರಡೂ ದಂಡೆಯಲ್ಲಿ ಒಂದೇ ಮಾತು: ಹಗ್ಗ ಎಸೆದವನು ಹುಡುಗಿಯನ್ನೂ ಎಳೆದುಕೊಂಡ.

ಮದುವೆಯ ದಿನ ಜೋನಸ್ ಗಾಡಿ ತಂದು ಹೀಥಮ್‌ನ ಅಂಗಳದ ಹೊರಗೆ ನಿಲ್ಲಿಸಿದ್ದ. ಎನಕ್ ಬಾಗಿಲಲ್ಲಿ ನಿಂತು ಹೇಳಿದ: "ಆ ಗಾಡಿ ಹತ್ತೋದಾದ್ರೆ ಹತ್ತು. ಆದ್ರೆ ನಾನು ಕರೆಯೋ ತನಕ ಈ ಅಂಗಳದಲ್ಲಿ ಕಾಲಿಡ್ಬೇಡ."

"ನೀನು ಕರೆಯೋ ತನಕ ನಾನೂ ಬರಲ್ಲಪ್ಪ," ಎಂದಳು ಡೋರ್ಕಸ್. ತಂದೆಯ ಹಟಕ್ಕೆ ಮಗಳ ಹಟ, ಒಂದೇ ಬಟ್ಟೆಯ ಎರಡು ತುಂಡು.

ಆ ಕಾಲದಲ್ಲಿ ಹೊಳೆ ಹೀಥಮ್‌ನ ಕಾಲಬುಡದಲ್ಲೇ ಹರಿಯುತ್ತಿತ್ತು. ಗಾಡಿ ನೀರಿಗಿಳಿದಾಗ ಅವಳು ತಿರುಗಿ ನೋಡಿದಳು. ಬಾಗಿಲು ಮುಚ್ಚಿತ್ತು. ಕೆಜಾಯಾ ಅತ್ತೆ ಮಾತ್ರ ಗೋಡೆಯ ಹತ್ತಿರ ನಿಂತು ಏಪ್ರನ್ನಿನಿಂದ ಮೂಗು ಒರೆಸಿಕೊಳ್ಳುತ್ತಿದ್ದಳು.

ಹದಿನೆಂಟು ವರ್ಷ ಕಳೆಯಿತು. ನಡುವೆ ಒಂದು ಯುದ್ಧ ಬಂದು ಹೋಯಿತು. ಕೊಲ್ಲಿ ಸುತ್ತಿ ಹೋಗುವ ರೈಲಿದೆ. ಬೆಳಿಗ್ಗೆ ಹತ್ತಿದರೆ ಊಟದ ಹೊತ್ತಿಗೆ ಹೀಥಮ್. ಜೋನಸ್ ಎಷ್ಟೋ ಸಲ ಹೇಳಿದ, "ಹೋಗಿ ಬಾ ಮಾರಾಯ್ತಿ, ಟಿಕೇಟು ನಾನು ತರ್ತೀನಿ." ಅವಳದು ಒಂದೇ ಉತ್ತರ: "ಕರೀದೆ ಹೋಗೋಕೆ ನನಗೇನು ಮಾನ ಇಲ್ವಾ?" ಅವಳಿಗೆ ಹುಟ್ಟಿದ ಒಂದೇ ಕೂಸು ಹುಟ್ಟಿದ ವಾರದಲ್ಲೇ ಹೋಯಿತು, ಕೆಲ್ಬಿಯ ಚರ್ಚಿನ ಹಿಂದೆ ಮಣ್ಣು ಮಾಡಿದರು. ಸುದ್ದಿ ಆಚೆ ದಂಡೆಗೆ ಮುಟ್ಟಿತ್ತು. ಈಗಲಾದರೂ ಅಪ್ಪ ಕರೆಯುತ್ತಾನೆ ಎಂದು ಅವಳು ಆ ಚಳಿಗಾಲವಿಡೀ ಕಾದಳು. ಕರೆ ಬರಲಿಲ್ಲ. ಆಮೇಲೆ ಆ ವಿಷಯ ಎತ್ತುವುದನ್ನೇ ಬಿಟ್ಟಳು, ಕುರ್ಚಿ ಮಾತ್ರ ಕಿಟಕಿಯ ಮುಂದೆಯೇ ಉಳಿಯಿತು. ಹೊಳೆಯೂ ಅಷ್ಟರಲ್ಲಿ ಮೆಲ್ಲಗೆ ಈ ಕಡೆ ಸರಿದು ಕೆಲ್ಬಿಗೆ ಅಂಟಿಕೊಂಡು ಹರಿಯತೊಡಗಿತ್ತು.

ಜೋನಸ್‌ನ ಮುದಿ ಕುದುರೆ ಸತ್ತದ್ದು ಒಂದು ಮಾರ್ಚಿನಲ್ಲಿ. ಆಗಲೇ ಕೆಲವರು ಟ್ರ್ಯಾಕ್ಟರ್ ತಂದಿದ್ದರು. ಟ್ರ್ಯಾಕ್ಟರಿಗೆ ಹುದುಲಿನ ವಾಸನೆ ಗೊತ್ತಾಗುವುದಿಲ್ಲ ಎಂದು ಜೋನಸ್ ಸಂತೆಗೆ ಹೋಗಿ ಕಪ್ಪುಗಂದು ಬಣ್ಣದ ಹೆಣ್ಣುಕುದುರೆಯೊಂದನ್ನು ಹಿಡಿದು ತಂದ. ಡೋರ್ಕಸ್ ಸಿಪ್ಪೆ ಮೆತ್ತಿದ ಕೈಯಲ್ಲೇ ಹೊರಗೆ ಬಂದಳು. ಮುಖ ನೋಡಿದಳು, ಕಾಲು ನೋಡಿದಳು, ಹಿಂದೆ ಹೋದಳು. ಕೆಸರು ತಾಗದಿರಲೆಂದು ಬಾಲವನ್ನು ಎತ್ತಿ ಹುರಿಯಿಂದ ಕಟ್ಟಿತ್ತು. ಅವಳು ಅಲ್ಲೇ ನಿಂತುಬಿಟ್ಟಳು.

"ಇದು ಯಾರ ಕುದುರೆ?"

"ನಮ್ದು. ದುಡ್ಡು ಕೊಟ್ಟು ತಂದಿದೀನಿ."

"ಅದಲ್ಲ ಜೋನಸ್. ಈ ಗಂಟು ಅಪ್ಪಂದು. ಅಪ್ಪ ಬಿಟ್ರೆ ಹಿಂಗೆ ಕಟ್ಟೋಳು ನಾನೊಬ್ಳೇ."

ಜೋನಸ್ ಟೋಪಿ ತೆಗೆದು ತಲೆ ಕೆರೆದುಕೊಂಡ. "ಹೀಥಮ್ ಕಡೇದು ಅಂತ ದಲ್ಲಾಳಿ ಅಂದಿದ್ದ. ಯಾರದ್ದು ಅಂತ ನಾನು ಕೇಳ್ಲಿಲ್ಲ."

"ಕುದುರೆ ಮಾರಿದಾನೆ ಅಂದ್ರೆ ಮರಳಿಗೆ ಇಳಿಯೋದು ಬಿಟ್ಟಿದಾನೆ," ಎಂದಳು ಡೋರ್ಕಸ್. "ಮರಳು ಬಿಟ್ಟು ಅಪ್ಪ ಎಷ್ಟು ದಿನ ಇರ್ತಾನೆ?"

ಅವಳಿಗೆ ಅಂದಿನಿಂದ ಹೊಸ ಭಯ ಹತ್ತಿತು. ಇಲ್ಲಿಯ ತನಕ ಕರೆ ತಡವಾಗಿದೆ ಎಂದುಕೊಂಡು ಬದುಕಿದ್ದಳು. ಕರೆಯಬೇಕಾದವನೇ ಹೋಗಿಬಿಟ್ಟರೆ ಕರೆಯುವವರು ಯಾರು? ಲಾಯದಲ್ಲಿ ಕುದುರೆಯ ಕುತ್ತಿಗೆಗೆ ಕೆನ್ನೆ ಒತ್ತಿಕೊಂಡು, ಅಪ್ಪ ಹೇಗಿದ್ದಾನೆ, ಕೆಮ್ಮು ಇದೆಯಾ, ಅತ್ತೆ ಈಗಲೂ ಬೈಯುತ್ತಾಳಾ ಎಂದೆಲ್ಲ ಕೇಳುತ್ತಿದ್ದಳು. "ಇಷ್ಟು ವರ್ಷದಲ್ಲಿ ನನ್ನ ಹತ್ರ ಆಡಿದ್ದಕ್ಕಿಂತ ಹೆಚ್ಚು ಮಾತು ಅದರ ಹತ್ರ ಆಡ್ತಾಳೆ," ಎಂದು ಜೋನಸ್ ಜಿಲ್ಲಾಳ ಗಂಡ ಸೈಲಸ್‌ನ ಬಳಿ ದೂರಿಕೊಂಡ. ದೂರು ಅಷ್ಟೇ, ಹೊಟ್ಟೆಕಿಚ್ಚಿಲ್ಲ.

ನಮ್ಮಲ್ಲಿ ಒಂದು ಪದ್ಧತಿ ಇದೆ. ಮರಳಿನ ಮೇಲಿರುವಾಗ ಮಂಜು ಕವಿದರೆ ಲಗಾಮು ಕೆಳಗಿಟ್ಟು, ಬಾಯಿ ಮುಚ್ಚಿಕೊಂಡು ಗಾಡಿಯಲ್ಲಿ ಕೂರಬೇಕು. ಕುದುರೆ ಮನೆ ಮುಟ್ಟಿಸುತ್ತದೆ. ಮನುಷ್ಯನ ಬುದ್ಧಿ ಆ ಹೊತ್ತಿನಲ್ಲಿ ಮೂರು ಕಾಸಿಗೂ ಬಾಳುವುದಿಲ್ಲ. ಆದರೆ ಹೊಸ ಕುದುರೆಗೆ ಈ ಮಾತಿಲ್ಲ. ನಮ್ಮ ಲಾಯದಲ್ಲಿ ಒಂದು ಚಳಿಗಾಲ ಹುಲ್ಲು ತಿನ್ನುವ ತನಕ ಅದಕ್ಕೆ ಲಗಾಮು ಬಿಡಬಾರದು. ಅದರ ಮನಸ್ಸಿನಲ್ಲಿ ಮನೆ ಯಾವುದೋ ಯಾರಿಗೆ ಗೊತ್ತು?

ಅಕ್ಟೋಬರ್ ಬಂತು. ಉತ್ತರದಿಂದ ಕಾಡು ಹೆಬ್ಬಾತುಗಳು ಸಾಲುಗಟ್ಟಿ ಬಂದು ಹುಲ್ಲುಬಯಲಿಗೆ ಇಳಿದವು. ಜೋನಸ್‌ಗೆ ಸೊಂಟ ಹಿಡಿದು ಹಾಸಿಗೆಯಿಂದ ಏಳಲಾಗದಂತಾಯಿತು. ಚಿಪ್ಪು ಚೆನ್ನಾಗಿ ಬೀಳುತ್ತಿದ್ದ ದಿನಗಳು ಅವು. ಡೋರ್ಕಸ್ ತಾನೇ ಕುದುರೆಯ ಬಾಲ ಎತ್ತಿ ಕಟ್ಟಿ ಗಾಡಿ ಹೂಡಿದಳು.

"ಸೈಲಸ್‌ನ ಹಿಂದೇನೇ ಹೋಗು, ಹಿಂದೇನೇ ಬಾ," ಎಂದ ಜೋನಸ್ ಮಲಗಿದಲ್ಲಿಂದ. "ಮಂಜು ಬಿದ್ರೆ ಅದರ ಕೈಗೆ ಬಿಡ್ಬೇಡ. ಅದು ಇನ್ನೂ ನಮ್ಮ ಮನೇದಾಗಿಲ್ಲ."

"ನನಗೆ ಮರಳು ಹೇಳ್ಕೊಡೋಕೆ ಬರ್ಬೇಡ. ಹೊದ್ಕೊಂಡು ಮಲ್ಕೋ," ಎಂದು ಅವಳು ಹೊರಟಳು.

ಊರ ಕೆಳಗೇ ಹೊಳೆ ದಾಟಿದರು. ನೀರು ಕುದುರೆಯ ಹೊಟ್ಟೆ ಮುಟ್ಟುತ್ತಿತ್ತು. ಆಮೇಲೆ ಗಟ್ಟಿ ಮರಳು, ನಡುದಿಬ್ಬ. ಉಳಿದ ಗಾಡಿಗಳು ದಿಬ್ಬದ ಈ ಮಗ್ಗುಲಲ್ಲಿ ನಿಂತವು. ಚಿಪ್ಪು ದಕ್ಷಿಣದ ಅಂಚಿನಲ್ಲಿ ದಪ್ಪವಾಗಿತ್ತು ಎಂದು ಅವಳು ಅಲ್ಲಿಯ ತನಕ ಹೋದಳು. ಹೀಥಮ್‌ನವರು ಅಂದು ಯಾರೂ ಬಂದಿರಲಿಲ್ಲ. ಹಲಗೆ ತೂಗಿ, ಜರಡಿ ಹಿಡಿದು, ಮೂಟೆ ಕಟ್ಟಿ ತಲೆ ಎತ್ತಿದರೆ ಹೀಥಮ್ ಕಾಣಲಿಲ್ಲ. ತಿರುಗಿದರೆ ಸೈಲಸ್‌ನ ಗಾಡಿಯೂ ಇಲ್ಲ. ಸಮುದ್ರದ ಕಡೆಯಿಂದ ಮಂಜು ಸದ್ದಿಲ್ಲದೆ ಬಂದು ಕವಿದಿತ್ತು.

"ಡೋರ್ಕಸ್, ಓ ಡೋರ್ಕಸ್," ಎಂದು ಸೈಲಸ್ ಕೂಗುವುದು ಕೇಳಿಸಿತು. ಒಮ್ಮೆ ಎಡಗಡೆ, ಒಮ್ಮೆ ಬೆನ್ನ ಹಿಂದೆ. ಮಂಜಿನಲ್ಲಿ ದನಿಗೆ ದಿಕ್ಕಿಲ್ಲ. ಅವಳೂ ಕೂಗಿದಳು. ಬಂದ ಚಕ್ರದ ಜಾಡು ಹುಡುಕಿದಳು. ಜಾಡಿನಲ್ಲಿ ನೀರು ಜಿನುಗಿ ಅಳಿಸಿಹೋಗಿತ್ತು. ಭರತ ತಿರುಗಿ ಸಮುದ್ರದ ನೀರು ಏರುವ ಹೊತ್ತು ಹತ್ತಿರವಾಗಿತ್ತು. ಈ ಕೊಲ್ಲಿಯ ಭರತ ಮುಂದಿನಿಂದ ಬರುವುದಿಲ್ಲ, ತಗ್ಗುಗಳಲ್ಲಿ ತುಂಬಿಕೊಂಡು ಹಿಂದಿನಿಂದ ಸುತ್ತುವರಿಯುತ್ತದೆ. ಅವಳು ಗಾಡಿ ಹತ್ತಿ ಮೂಟೆಯ ಮೇಲೆ ಕೂತಳು. ಜೀವನವಿಡೀ ಮಾಡಿದ್ದನ್ನೇ ಕೈ ತಾನಾಗಿ ಮಾಡಿತು: ಲಗಾಮನ್ನು ಕೆಳಗಿಟ್ಟಿತು.

ಕುದುರೆ ಸ್ವಲ್ಪ ಹೊತ್ತು ಕಿವಿ ಆಡಿಸಿತು. ಮೂಗು ಅರಳಿಸಿತು. ಆಮೇಲೆ ಹೊರಟಿತು, ಅನುಮಾನವೇ ಇಲ್ಲದ ಹೆಜ್ಜೆಯಲ್ಲಿ.

ಡೋರ್ಕಸ್ ಶಾಲು ಬಿಗಿದುಕೊಂಡು ಹೊಳೆಯ ಸದ್ದಿಗೆ ಕಿವಿಗೊಟ್ಟಳು. ಮನೆಗೆ ಹೋಗುವ ದಾರಿಯಲ್ಲಿ ಹೊಳೆ ಬರಬೇಕು. ಇಗೋ ಬಂತು, ಇನ್ನೇನು ಬಂತು ಎಂದು ಕಾದಳು. ಕುದುರೆ ನಡೆಯುತ್ತಲೇ ಇತ್ತು, ಚಕ್ರದ ಕೆಳಗೆ ಮರಳು ಗಟ್ಟಿಯಾಗಿಯೇ ಇತ್ತು. ಹೊಳೆ ಬರಲಿಲ್ಲ. ಬದಲಿಗೆ ಒಂದು ವಾಸನೆ ಬಂತು: ಕಲ್ಲಿಗೆ ಕಚ್ಚಿದ ನೀಲಿಚಿಪ್ಪಿನದು, ಪಾಚಿಯದು. ಕೆಲ್ಬಿಯ ಕಡೆ ಕಲ್ಲೂ ಇಲ್ಲ, ನೀಲಿಚಿಪ್ಪೂ ಇಲ್ಲ. ಆ ವಾಸನೆ ಒಂದೇ ಕಡೆಯದು, ಅವಳು ಬರಿಗಾಲಲ್ಲಿ ಓಡಾಡಿ ಬೆಳೆದ ಕಡೆಯದು.

ಆಗ ಅವಳಿಗೆ ಗೊತ್ತಾಯಿತು. ಲಗಾಮು ಎತ್ತಿಕೊಂಡು ಗಟ್ಟಿಯಾಗಿ ಹಿಡಿದಳು. ಕುದುರೆ ನಿಂತು ಅವಳ ಮಾತಿಗೆ ಕಾಯಿತು. ತಿರುಗಿಸಿದರೆ ಎಲ್ಲಿಗೆ? ಹಿಂದೆ ಭರತ, ಮುಂದೆ ಮಂಜು. ಹಾಗೆಂದು ಭಯವೊಂದೇ ಇತ್ತು ಎಂದರೆ ಸುಳ್ಳಾದೀತು. ಕರೆಯದೆ ಹೋಗಿ ಬಾಗಿಲಲ್ಲಿ ನಿಂತರೆ ಅಪ್ಪ ಒಳಗೆ ಬಾ ಎನ್ನದಿದ್ದರೆ? ಹದಿನೆಂಟು ವರ್ಷದ ಹಟಕ್ಕೆ ಏನರ್ಥ? ಅದೇ ಉಸಿರಿನಲ್ಲಿ ಇನ್ನೊಂದು: ಅಪ್ಪನ ಮುಖ ನೋಡಬೇಕು. ಒಂದು ಸಲ ನೋಡಬೇಕು. ಬೈದರೂ ಸರಿ, ಆ ದನಿ ಕೇಳಬೇಕು. ಆಸೆ ಅಷ್ಟು ಬೆತ್ತಲೆಯಾಗಿ ಅವಳ ಮುಂದೆ ಎಂದೂ ಬಂದು ನಿಂತಿರಲಿಲ್ಲ. ಅವಳು ಲಗಾಮನ್ನು ಮತ್ತೆ ಕೆಳಗಿಟ್ಟು, "ನಡಿ," ಎಂದಳು.

ಡೋರ್ಕಸ್ ಮರೆತು ಕೈಬಿಟ್ಟಳು ಎನ್ನುವವರು ಕೆಲ್ಬಿಯಲ್ಲಿ ಅರ್ಧ, ಬೇಕೆಂದೇ ಬಿಟ್ಟಳು ಎನ್ನುವವರು ಇನ್ನರ್ಧ. ನನ್ನನ್ನು ಕೇಳಿದರೆ, ಮೊದಲ ಸಲ ಕೈ ಮರೆಯಿತು; ಎರಡನೇ ಸಲ ಮರೆಯಲಿಲ್ಲ.

ಕಲ್ಲುಹಾಸಿನ ಮೇಲೆ ಗೊರಸು ಟಕಟಕ ಎಂದಿತು. ಕುದುರೆ ದಂಡೆ ಏರಿ, ಗಲ್ಲಿ ಹೊಕ್ಕು, ತೆರೆದ ಗೇಟಿನೊಳಗೆ ನುಗ್ಗಿ ತನ್ನ ಹಳೆಯ ಲಾಯದ ಮುಂದೆ ನಿಂತಿತು. ಡೋರ್ಕಸ್ ಕಾಲು ಕೆಳಗಿಡದೆ ಗಾಡಿಯಲ್ಲೇ ಕೂತಿದ್ದಳು. ಅಂಗಳದಲ್ಲಿ ಕಾಲಿಡಬೇಡ ಎಂದ ಮಾತು ಈಗಷ್ಟೇ ಆಡಿದಂತಿತ್ತು.

ಬಾಗಿಲು ತೆರೆದು ಕೆಜಾಯಾ ಅತ್ತೆ ಹೊರಬಂದಳು. ಬೆನ್ನು ಬಾಗಿತ್ತು, ಬಾಯಿ ಬಾಗಿರಲಿಲ್ಲ. "ಯಾರದು ಕೆಸರು ಗಾಡಿ ತಂದು ಒಳಗೆ ನಿಲ್ಸಿರೋದು? ಈಗಷ್ಟೇ ತೊಳ್ದಿದೀನಿ." ಹತ್ತಿರ ಬಂದು ನೋಡಿದಳು. ಸೌದೆಯ ಬುಟ್ಟಿ ಕೈಯಿಂದ ಜಾರಿತು. "ಅಯ್ಯೋ ನನ್ನ ಕಂದಾ," ಎಂದಳು, ಅಷ್ಟೇ ಬಂತು.

ಒಳಗಿನಿಂದ ಊರುಗೋಲಿನ ಸದ್ದು. ಎನಕ್ ಹೊಸ್ತಿಲಲ್ಲಿ ನಿಂತ. ಅಷ್ಟು ಎತ್ತರದ ಮನುಷ್ಯ ಕುಗ್ಗಿಹೋಗಿದ್ದ; ಕಣ್ಣು ಹಾಲಿನ ಹಾಗೆ ಬೆಳ್ಳಗೆ. ಗೊರಸಿನ ಸದ್ದು ಅವನಿಗೆ ಗುರುತು ಸಿಕ್ಕಿತ್ತು. ಕೋಲೂರಿಕೊಂಡು ಕುದುರೆಯ ಹತ್ತಿರ ಬಂದು ಕುತ್ತಿಗೆ ಸವರಿದ, ಬೆನ್ನು ಸವರಿದ, ಬಾಲದ ತನಕ ಹೋದ. ಅವನ ಬೆರಳು ಗಂಟಿನ ಮೇಲೆ ನಿಂತಿತು.

"ಇದನ್ನ ಕಟ್ಟಿದ್ಯಾರು?"

"ನಾನು," ಎಂದಳು ಡೋರ್ಕಸ್ ಗಾಡಿಯ ಮೇಲಿಂದ.

ಅವನ ಕೈ ಗಂಟನ್ನು ಬಿಡಲಿಲ್ಲ. "ಇಷ್ಟು ಬಿಗಿ ಕಟ್ಬಾರ್ದು ಅಂತ ಹೇಳಿರ್ಲಿಲ್ವಾ," ಎಂದ.

"ನೀನು ಹೇಳಿದ್ದೆಯಪ್ಪ."

"ನಾನು ನಿನ್ನ ಕರೀಲಿಲ್ಲ."

"ಗೊತ್ತಪ್ಪ."

"ಮತ್ತೆ?"

ಮಂಜು ಕವಿಯಿತು, ಕುದುರೆ ದಾರಿ ತಪ್ಪಿಸಿತು ಎನ್ನಬಹುದಿತ್ತು. ಹಾಗೆ ಹೇಳಿದ್ದರೆ ಅವಳ ಮಾನವೂ ಉಳಿಯುತ್ತಿತ್ತು, ಹಟವೂ ಗೆಲ್ಲುತ್ತಿತ್ತು. "ಕಾದು ಕಾದು ಸಾಕಾಯ್ತು," ಎಂದಳು ಡೋರ್ಕಸ್. "ನಾನೇ ಬಂದೆ."

"ಅವನೇನು ಕರೀತಾನೆ ನಿನ್ನ?" ಎಂದು ಕೆಜಾಯಾಳಿಗೆ ಬಾಯಿ ಬಂತು. "ದಿನಾ ಸಂಜೆ ಆ ಗೋಡೆ ಹತ್ರ ನಿಂತ್ಕೊಂಡು, ಕೆಲ್ಬೀಲಿ ದೀಪ ಹತ್ತಿತಾ ಅಂತ ನನ್ನ ಕೇಳ್ತಾನೆ. ಹತ್ತಿತು ಅನ್ನೋ ತನಕ ಊಟಕ್ಕೆ ಬರಲ್ಲ. ಅವಳು ಬರ್ಲಿ ಅಂತ ಇವನು, ಇವನು ಕರೀಲಿ ಅಂತ ಅವಳು. ನಿಮ್ಮಿಬ್ರ ಮಧ್ಯೆ ಬೆಂದಿದ್ದು ನಾನು. ಇಳೀತೀಯಾ, ಇಲ್ಲಾ ಅಲ್ಲೇ ಚಹಾ ತಂದುಕೊಡ್ಲಾ?"

ಎನಕ್ ಗಾಡಿಯ ಪಕ್ಕಕ್ಕೆ ಬಂದು ಕೈ ಚಾಚಿದ. ಅವಳು ಆ ಕೈ ಹಿಡಿದು ಅಂಗಳಕ್ಕೆ ಇಳಿದಳು.

ಕಾಲು ನೆಲ ಮುಟ್ಟಿದ ಮೇಲೆ ಅವಳಿಗೆ ಗಂಡನ ನೆನಪು ಬಂತು. "ಅಪ್ಪ, ಜೋನಸ್. ನಾನು ಮುಳುಗಿದೆ ಅಂತ ತಿಳ್ಕೊಂಡಿರ್ತಾನೆ," ಎಂದವಳೇ ಗೇಟಿನ ಕಡೆ ಓಡಿದಳು. ಅವಳ ಎಣಿಕೆ ಸರಿಯಾಗಿಯೇ ಇತ್ತು. ಉಳಿದ ಗಾಡಿಗಳು ಕೆಲ್ಬಿಗೆ ಮರಳಿದ್ದವು, ಅವಳದೊಂದು ಇರಲಿಲ್ಲ. ಚರ್ಚಿನ ಗಂಟೆ ಬಾರಿಸುತ್ತಿದ್ದರು. ಸೊಂಟ ಹಿಡಿದಿದ್ದ ಜೋನಸ್ ದಂಡೆಗೆ ತೆವಳಿಕೊಂಡು ಬಂದು, ತುಂಬುತ್ತಿದ್ದ ನೀರಿನ ಮುಂದೆ ನಿಂತು ಬಾಣಲೆ ಬಡಿಯುತ್ತಿದ್ದ. ಯಾರು ಕರೆದರೂ ಅವನು ಅಲ್ಲಿಂದ ಕದಲಲಿಲ್ಲ.

ಹೀಥಮ್‌ನಲ್ಲಿ ಗಲ್ಲಿಯ ಮೂಲೆಯ ಅಂಚೆ ಕಚೇರಿಯಲ್ಲಿ ಟೆಲಿಫೋನ್ ಇತ್ತು. ಎನಕ್ ಮಗಳ ಹಿಂದೆಯೇ ಕೋಲೂರಿಕೊಂಡು ಬಂದಿದ್ದ. "ನೀನು ನಿಲ್ಲು. ನಾನು ಮಾತಾಡ್ತೀನಿ," ಎಂದ. ಅವನು ಜೀವನದಲ್ಲಿ ಆ ಯಂತ್ರ ಮುಟ್ಟಿದವನಲ್ಲ. ಅಂಚೆಯವನು ಕೆಲ್ಬಿಗೆ ಸಂಪರ್ಕ ಕೊಡಿಸಿ ಟೆಲಿಫೋನನ್ನು ಅವನ ಕೈಗೆ ಕೊಟ್ಟ. ಕೆಲ್ಬಿಯ ಅಂಚೆಯಲ್ಲಿ ಮಿಸ್ ಅಲಕ್ ಇದ್ದಳು. ಎನಕ್ ದಿಬ್ಬದ ಮೇಲೆ ನಿಂತು ಕೂಗುವವನ ಹಾಗೆ ಕೂಗಿದ.

"ಬ್ರಾಕ್‌ಬ್ಯಾಂಕ್‌ಗೆ ಹೇಳ್ಬೇಕು. ಅವನ ಹೆಂಡ್ತಿ ಇಲ್ಲಿದಾಳೆ. ಹುಷಾರಾಗಿದಾಳೆ, ಕುದುರೆನೂ ಹುಷಾರಾಗಿದೆ. ಅವನು ದಂಡೆ ಬಿಟ್ಟು ಮನೆಗೆ ಹೋಗ್ಲಿ."

ಆ ತುದಿಯ ದನಿ ಪಕ್ಕದಲ್ಲಿ ನಿಂತ ಡೋರ್ಕಸ್‌ಗೂ ಕೇಳಿಸುವಷ್ಟು ಜೋರಾಗಿತ್ತು. "ದೇವರು ದೊಡ್ಡವನು. ಈಗ್ಲೇ ಓಡ್ತೀನಿ. ಯಾರು ಹೇಳಿದ್ರು ಅನ್ಲಿ?"

ಎನಕ್ ಕೋಲನ್ನು ಬಿಗಿಯಾಗಿ ಊರಿ ನಿಂತ. ಜೋನಸ್‌ನ ಹೆಸರನ್ನೂ ಅವನು ಇಷ್ಟು ವರ್ಷ ಬಾಯಲ್ಲಿ ತಂದಿರಲಿಲ್ಲ ಎಂಬುದು ಆ ಅಂಚೆ ಕಚೇರಿಯಲ್ಲಿ ಇದ್ದವರಿಗೆಲ್ಲ ಗೊತ್ತಿತ್ತು. "ಹಲೋ, ಯಾರು ಅಂತ ಹೇಳ್ಲಿ?" ಎಂದು ಮಿಸ್ ಅಲಕ್ ಮತ್ತೆ ಕೇಳಿದಳು.

"ಅವನ ಮಾವ," ಎಂದ ಎನಕ್, ಈ ಸಲ ಕೂಗದೆ. "ಅವನ ಮಾವ ಹೇಳಿದ ಅಂತ ಹೇಳು."

ಟೆಲಿಫೋನನ್ನು ಅಂಚೆಯವನ ಕೈಗೆ ಕೊಟ್ಟು, ಮಗಳು ಎಲ್ಲಿದ್ದಾಳೆಂದು ಕೈಯಾಡಿಸಿ ಹುಡುಕಿದ. "ಸರಿಯಾಗಿ ಹೇಳಿದ್ನಾ?" ಎಂದು ಕೇಳಿದ. ಡೋರ್ಕಸ್ ಅವನ ತೋಳು ಹಿಡಿದು ಮನೆಯ ಕಡೆ ನಡೆಸಿಕೊಂಡು ಹೋದಳು.